ಎಡ್ಗರ್ ಪೊಲಿಟ್‌ನ ದೊಡ್ಡ ಪಾತ್ರ

ನಲವತ್ತು ವರ್ಷ ಎಡ್ಗರ್ ಪೊಲಿಟ್ ಇಂಗ್ಲೆಂಡಿನ ನಾಟಕಗಳಲ್ಲಿ ಪೊಲೀಸನಾಗಿಯೋ ಬಟ್ಲರನಾಗಿಯೋ ಬಂದು ಎರಡು ಮಾತಾಡಿ ಹೋಗುತ್ತಿದ್ದ. ಅರವತ್ತೆಂಟನೇ ವಯಸ್ಸಿನಲ್ಲಿ ಬ್ರಾಡ್‌ಫರ್ಡಿನಲ್ಲಿ ಮೊದಲ ಸಲ ದೊಡ್ಡ ಪಾತ್ರ ಸಿಕ್ಕಿತು. ದಿನಾ ಬೆಳಿಗ್ಗೆ ಗೆಳೆಯ ನಾರ್ಮನ್‌ನ ಅಡುಗೆಮನೆಯಲ್ಲಿ ಕೂತು ಮಾತು ಒಪ್ಪಿಸುತ್ತಿದ್ದ. ನಡುವೆ ಮರೆತು ಚಹಾ ಕಲಕುತ್ತಿದ್ದ.

“ನಿಜ ಹೇಳೋ, ನನ್ ಕೈಲಿ ಆಗುತ್ತಾ? ಇಲ್ಲಾಂದ್ರೆ ಈಗ್ಲೇ ಬಿಟ್ಬಿಡ್ತೀನಿ.”

“ಬಿಟ್ಟು ಏನ್ಮಾಡ್ತೀಯೋ ಮುದುಕಪ್ಪ, ಮತ್ತೆ ಟ್ರೇ ಹಿಡ್ಕೊಂಡು ಓಡಾಡ್ತೀಯಾ? ಆಗುತ್ತೆ, ಹೇಳು!”

ಆಗದೆಂದು ನಾರ್ಮನ್‌ಗೆ ಗೊತ್ತಿತ್ತು.

ಮೊದಲ ಪ್ರದರ್ಶನದಲ್ಲೇ ಎಡ್ಗರ್ ಮಾತು ಮರೆತು ನಿಂತ. ಪಕ್ಕದಿಂದ ಹೇಳಿಕೊಟ್ಟರೂ ಬಾಯಿ ತೆರೆಯಲಿಲ್ಲ. ಜನ ಮೊದಲು ಕೆಮ್ಮಿದರು, ಆಮೇಲೆ ನಕ್ಕರು. ಮರುದಿನ ಪಾತ್ರ ಬೇರೊಬ್ಬನ ಪಾಲಾಯಿತು.

ಆ ಚಳಿಗಾಲದಲ್ಲಿ ಎಡ್ಗರ್ ತೀರಿಕೊಂಡ. ಕೊನೆಯವರೆಗೂ ಅವನು ನಾರ್ಮನ್‌ನನ್ನು ಒಂದು ಮಾತೂ ಅನ್ನಲಿಲ್ಲ. ಅಂದಿದ್ದರೆ ಚೆನ್ನಾಗಿತ್ತು.