ಮುದುಕಿಯ ಒಸಡು

ದೊಡ್ಡಪ್ಪನಿಗೆ ಕೆಂಪು, ಹಸಿರು ಬೇರೆಬೇರೆಯಾಗಿ ಕಾಣುವುದಿಲ್ಲ ಎನ್ನುವುದು ನಮ್ಮ ಮನೆಯವರನ್ನು ಬಿಟ್ಟರೆ ಯಾರಿಗೂ ಗೊತ್ತಿರಲಿಲ್ಲ. ಅವರದು ರಫೂ ಕೆಲಸ. ಹರಿದ ಕೋಟು, ಇಲಿ ಕಚ್ಚಿದ ಶಾಲುಗಳ ತೂತನ್ನು ಅದೇ ಬಣ್ಣದ ದಾರದಿಂದ ಎಳೆಎಳೆಯಾಗಿ ನೇಯ್ದು ಮುಚ್ಚಬೇಕು. ಗಿರಾಕಿ ಬಂದರೆ ಬಟ್ಟೆಯನ್ನು ಕಿಟಕಿಗೆ ಹಿಡಿದು, "ಈ ಬೆಳಕಲ್ಲಿ ಬಣ್ಣ ನೋಡಬಾರ್ದು, ಬಿಟ್ಟುಹೋಗಿ" ಎನ್ನುತ್ತಿದ್ದರು. ಸಂಜೆ ಕಚೇರಿಯಿಂದ ಬಂದ ದೊಡ್ಡಮ್ಮ ಹೊಂದುವ ದಾರ ಆರಿಸಿ ಬಟ್ಟೆಗೆ ಸಿಕ್ಕಿಸಿಡುತ್ತಿದ್ದರು. ಇಪ್ಪತ್ತಾರು ವರ್ಷ ಹೀಗೇ ನಡೆದು, ಬಣ್ಣದ ವಿಷಯದಲ್ಲಿ ಬಲು ನಾಜೂಕಿನವರು ಎಂಬ ಹೆಸರೂ ಬಂದಿತ್ತು. ಅಪ್ಪ ಒಮ್ಮೆ ಬಣ್ಣ ತೋರಿಸುವ ಕನ್ನಡಕ ತರಿಸಿಕೊಟ್ಟಿದ್ದರು. ಅರ್ಧ ಗಂಟೆ ಹಾಕಿಕೊಂಡು, "ಊರಿಗೇ ಜ್ವರ ಬಂದ ಹಾಗಿದೆ" ಎಂದು ತೆಗೆದಿಟ್ಟರು.

ಅವರ ನಾಯಿಗೆ ಮುದುಕಿ ಎಂದು ಹೆಸರು. ಮರಿಯಾಗಿದ್ದಾಗಲೇ ಬಿಳಿ ಗಡ್ಡವಿತ್ತಂತೆ. ಆ ವಾರ ಅದು ಹಿತ್ತಲಲ್ಲಿ ಇಲಿ ಪಾಷಾಣ ತಿಂದುಬಿಟ್ಟಿತು. ಡಾಕ್ಟರು ಇಂಜೆಕ್ಷನ್ ಕೊಟ್ಟು, "ಎರಡು ದಿನ ಗಂಟೆಗೊಂದ್ಸಲ ಒಸಡು ನೋಡಿ. ಗುಲಾಬಿ ಇದ್ರೆ ಸರಿ. ಬೆಳ್ಳಗಾದ್ರೆ ಒಳಗೆ ರಕ್ತ ಸೋರ್ತಿದೆ ಅಂತ, ತಕ್ಷಣ ತನ್ನಿ" ಎಂದಿದ್ದರು. ಮೊದಲ ದಿನ ದೊಡ್ಡಮ್ಮ ನೋಡಿದರು. ಎರಡನೆಯ ದಿನ ಅವರಿಗೆ ರಜೆ ಸಿಗಲಿಲ್ಲ, ನನಗೆ ಪರೀಕ್ಷೆ. ದೊಡ್ಡಪ್ಪ ನಾಯಿಯನ್ನು ಅಂಗಡಿಗೇ ಕರೆದೊಯ್ದರು.

ಹತ್ತು ಗಂಟೆಗೆ ತುಟಿ ಎತ್ತಿ ನೋಡಿದರಂತೆ. ಬೂದಿಯಂಥದ್ದೇನೋ ಕಂಡಿತು. ಅವರಿಗೆ ಅದು ಯಾವಾಗಲೂ ಹಾಗೇ ಕಾಣುತ್ತಿದ್ದದ್ದು. ಅಷ್ಟರಲ್ಲಿ ರಫೂಗೆ ಕೊಟ್ಟಿದ್ದ ಸ್ವೆಟರ್ ಒಯ್ಯಲು ನಮ್ಮ ಬೀದಿಯ ಶಾಲೆಯ ಟೀಚರ್ ಬಂದರು. ಅವರ ಕಿವಿಗೆ ಬಿದ್ದದ್ದು ಬೀದಿಗೆ ಬಿದ್ದ ಹಾಗೆ.

"ಟೀಚರ್, ಇದರ ಒಸಡು ಯಾವ ಬಣ್ಣ ಅನ್ನಿಸತ್ತೆ?"

"ಊರಿಗೆಲ್ಲ ಬಣ್ಣ ಹೇಳೋರು, ನನ್ನ ಕೇಳ್ತೀರಾ? ಪರೀಕ್ಷೆ ಮಾಡೋದು ನನ್ನ ಕೆಲಸ ಕಣ್ರೀ!"

ದೊಡ್ಡಪ್ಪ ತುಟಿ ಹಿಡಿದೇ ಇದ್ದರು. "ನಂಗೆ ಕಾಣಲ್ಲ. ಹುಟ್ಟಿದಾಗಿಂದ."

ಟೀಚರ್ ನಗು ನಿಂತಿತು. ಸೀರೆ ಎತ್ತಿಕಟ್ಟಿ ನೆಲಕ್ಕೆ ಕೂತು ನೋಡಿದರು. "ಗುಲಾಬೀನೇ. ಸ್ವಲ್ಪ ತಿಳಿ."

ಆಮೇಲೆ ಮುಚ್ಚಿಡಲು ಏನೂ ಉಳಿಯಲಿಲ್ಲ. ಹನ್ನೊಂದಕ್ಕೆ ಕ್ಷೌರದವನನ್ನು ಕರೆದರು, ಹನ್ನೆರಡಕ್ಕೆ ಗ್ಯಾಸ್ ಸಿಲಿಂಡರಿನವನನ್ನು. ಆಮೇಲೆ ದಾರಿಯಲ್ಲಿ ಹೋಗುವ ಯಾರನ್ನಾದರೂ. "ಒಂದ್ನಿಮಿಷ, ಇಲ್ಲಿ ನೋಡಿ" ಎನ್ನುವುದೇ ಆಯಿತು. ಸೂಜಿ ಮುಟ್ಟಲಿಲ್ಲ.

ನಾಲ್ಕಕ್ಕೆ ನಾನು ಹೋದಾಗ ಎದುರಂಗಡಿಯ ಬೀಗ ರಿಪೇರಿಯವನು ಮಂಡಿಯೂರಿ ಕೂತಿದ್ದ. "ಗುಲಾಬಿ ಅಂತೀನಿ ನಾನು" ಎನ್ನುತ್ತಿದ್ದ.

"ಪುಟ್ಟೀ, ಬ್ಯಾಗ್ ಆಮೇಲೆ ಇಡು. ಮೊದಲು ನೋಡು."

ನೋಡಿದೆ. ಬರೆಯದ ಹಾಳೆಯ ಹಾಗಿತ್ತು. ನಾನು ಹೇಳಿದ್ದು ತಪ್ಪಾಗಿದ್ದರೆ ನರಳುತ್ತಿರುವ ಪ್ರಾಣಿಯನ್ನು ಸುಮ್ಮನೆ ಅಲುಗಾಡಿಸಿದಂತೆ. ಸರಿಯಾಗಿದ್ದರೆ, ಅದನ್ನು ಹೇಳುವುದೇ ನನಗೆ ಬೇಡವಾಗಿತ್ತು.

"ಬೆಳ್ಳಗಿದೆ, ದೊಡ್ಡಪ್ಪ."

"ಬೆಳಕು ಹಾಗಿದೆ ಅಷ್ಟೇ ಕಣಮ್ಮ" ಎಂದ ಬೀಗದವನು.

ದೊಡ್ಡಪ್ಪ ಇಬ್ಬರ ಮುಖವನ್ನೂ ನೋಡಿದರು. "ಇಬ್ಬರಲ್ಲಿ ಒಬ್ಬರದ್ದು ತಪ್ಪು. ದೇವರೇ, ಇವಳದ್ದೇ ತಪ್ಪಾಗಿರ್ಲಿ" ಎಂದು ಮುದುಕಿಯನ್ನು ಎದೆಗೆತ್ತಿಕೊಂಡು ಹೊರಟೇಬಿಟ್ಟರು. ಅಂಗಡಿಯ ಬಾಗಿಲನ್ನೂ ಎಳೆಯಲಿಲ್ಲ. ನಾನು ಹಿಂದೆಯೇ ಓಡಿದೆ.

ಆಸ್ಪತ್ರೆಯಲ್ಲಿ ಡಾಕ್ಟರು ತುಟಿ ಎತ್ತಿ ಒಂದು ಕ್ಷಣ ನೋಡಿದರು. ದೊಡ್ಡಪ್ಪ ಒಸಡಿನ ಕಡೆ ತಿರುಗಲೇ ಇಲ್ಲ, ಡಾಕ್ಟರ ಮುಖವನ್ನೇ ನೋಡುತ್ತಿದ್ದರು.

"ಯಾರು ನೋಡಿದ್ದು?"

"ಇವಳು."

"ಬೇಗ ಒಳಗೆ ತನ್ನಿ. ರಕ್ತ ಕೊಡೋಣ, ಇನ್ನೂ ಹೊತ್ತು ಮೀರಿಲ್ಲ."

ಬಾಗಿಲು ಮುಚ್ಚಿತು. ಬೆಂಚಿನ ಮೇಲೆ ದೊಡ್ಡಪ್ಪ ನನ್ನ ಕೈ ಹಿಡಿದುಕೊಂಡರು. "ಇನ್ನೂ ಹೊತ್ತು ಮೀರಿಲ್ಲ ಅಂದ್ರಲ್ವಾ?" ಎಂದರು. ಹೌದೆಂದೆ. ಸ್ವಲ್ಪ ಹೊತ್ತಿಗೆ ಮತ್ತೆ ಅದನ್ನೇ ಕೇಳಿದರು.