ಬಸ್ಸಿಳಿದು ಹತ್ತಿದ ಏರು

ನೈರೋಬಿಯ ಸೌತ್ ಸಿ ಬಡಾವಣೆಯ ರುಕ್ಮಿಣಮ್ಮನವರಿಗೆ ವಯಸ್ಸು ಎಪ್ಪತ್ತೆರಡು, ಹಟ ಮಾತ್ರ ಹದಿನಾರರದ್ದು. ಗಂಡ ದತ್ತಾತ್ರೇಯರು ಪೈಪ್ ಕಾರ್ಖಾನೆಯಲ್ಲಿ ಎಂಜಿನಿಯರಾಗಿದ್ದ ಕಾಲದಲ್ಲಿ, ವರ್ಷಕ್ಕೊಂದು ಭಾನುವಾರ ಅಲ್ಲಿನ ಕನ್ನಡದವರೆಲ್ಲ ನ್ಗಾರಾ ಪೇಟೆಯಲ್ಲಿ ಒಂದು ಮುದಿ ಬಸ್ಸು ಹತ್ತಿ, ಹಳ್ಳಿಗಾಡು ಸುತ್ತಿ, ಸಂಜೆಗೆ ಮರಳುತ್ತಿದ್ದರು. ಲಿಮುರು ಕಡೆಯ ಚಹಾತೋಟದ ಏರು ಬಂತೋ, ಬಸ್ಸಿಗೆ ಏದುಸಿರು. ಡ್ರೈವರ್ ಎಲ್ಲರನ್ನೂ ಇಳಿಸಿಬಿಡುತ್ತಿದ್ದ. ಸೆರಗು ಸಿಕ್ಕಿಸಿಕೊಂಡು, ಬಸ್ಸನ್ನು ಬೈಯುತ್ತ, ನಗುತ್ತ ತುದಿ ಮುಟ್ಟುವಷ್ಟರಲ್ಲಿ ಹೊಸಬರೂ ನಮ್ಮವರಾಗಿರುತ್ತಿದ್ದರು. ಊರು ಬಿಟ್ಟು ಬಂದ ಮೊದಲ ವರ್ಷ ರುಕ್ಮಿಣಮ್ಮನಿಗೆ ಗೆಳತಿಯರು ಸಿಕ್ಕಿದ್ದೂ ಆ ಏರಿನಲ್ಲೇ.

ಆಮೇಲೆ ಮನೆಗೊಂದು ಕಾರು ಬಂತು, ಬಸ್ಸು ನಿಂತಿತು. ಈ ವರ್ಷ ಕನ್ನಡ ಸಂಘದ ಸಭೆಯಲ್ಲಿ ರುಕ್ಮಿಣಮ್ಮ ಬಸ್ಸೇ ಬೇಕೆಂದು ಪಟ್ಟು ಹಿಡಿದರು. ಕಾರ್ಯದರ್ಶಿ ಯೋಗೀಶ, ಔಷಧ ಕಂಪನಿಯ ಎಂಜಿನಿಯರು, ಒಪ್ಪಿದ. "ಒಂದ್ಸಲ ನೋಡೋಣ ಆಂಟಿ. ಜನಕ್ಕೆ ಇಷ್ಟ ಆಗ್ಲಿಲ್ಲ ಅಂದ್ರೆ ಮುಂದಿನ ವರ್ಷದಿಂದ ಅವರವರ ಕಾರಲ್ಲೇ."

ಬಂದದ್ದು ಹೊಚ್ಚ ಹೊಸ ಎಸಿ ಬಸ್ಸು. ಮೂವತ್ತೆಂಟು ಜನ, ಮೂವತ್ತೆಂಟು ಫೋನು. ರುಕ್ಮಿಣಮ್ಮ ಕೋಡುಬಳೆ ಡಬ್ಬಿ ಹಿಡಿದು ಸೀಟು ಸೀಟಿಗೆ ಹೋದರು. ತಲೆ ಏಳಲಿಲ್ಲ, ಕೈಯಷ್ಟೇ ಡಬ್ಬಿಗೆ ಬಂತು. ಬೆಂಗಳೂರಿನಿಂದ ಬಂದು ಆರು ತಿಂಗಳಾಗಿದ್ದ ಉಷಾ ಕಿಟಕಿಗೆ ಹಣೆ ಆನಿಸಿ ಒಬ್ಬಳೇ ಕೂತಿದ್ದಳು. ಮುಗೀತು ನನ್ನ ಬಸ್ಸಿನ ಕಥೆ ಅಂದುಕೊಂಡು ರುಕ್ಮಿಣಮ್ಮ ಡ್ರೈವರ್ ಗಿಟಾವುವಿನ ಪಕ್ಕಕ್ಕೆ ಬಂದು ನಿಂತರು. ಏರು ಶುರುವಾಗಿತ್ತು.

"ಏನಪ್ಪಾ," ಅಂದರು ತಮ್ಮ ಹರಕು ಸ್ವಾಹಿಲಿಯಲ್ಲಿ, "ನಿನ್ನ ಬಸ್ಸಿಗೆ ಸುಸ್ತೇ ಆಗಲ್ವಾ?"

"ಇಂಥ ಹತ್ತು ಏರು ಹತ್ತತ್ತೆ, ಅಮ್ಮಾ."

"ಇವತ್ತೊಂದಿನ ಸುಸ್ತಾಗಲಿ. ನಿನಗೆ ನಾಲ್ಕು ಕೋಡುಬಳೆ ಜಾಸ್ತಿ."

ಗಿಟಾವು ಕನ್ನಡಿಯಲ್ಲಿ ಹಿಂದಿನ ಮೌನ ನೋಡಿದ, ಡಬ್ಬಿ ನೋಡಿದ, ಬಸ್ಸನ್ನು ಪಕ್ಕಕ್ಕೆ ಹಾಕಿದ. ಇಂಜಿನ್ ಬಿಸಿಯಾಗಿದೆ, ಎಲ್ಲರೂ ಇಳಿದು ಮೇಲಿನವರೆಗೆ ನಡೆಯಬೇಕು ಅಂತ ಸಾರಿದ. ಮುಖದಲ್ಲಿ ಒಂದು ಗೆರೆ ಅಲುಗಲಿಲ್ಲ.

ಗೊಣಗುತ್ತಲೇ ಇಳಿದರು. "ಅಜ್ಜಿ, ಈಸ್ ದ ಬಸ್ ಬ್ರೋಕನ್?" ಅಂದಳು ಪುಟ್ಟ ನಿಹಾರಿಕಾ.

"ಇಲ್ಲ ಕಂದಾ, ದಮ್ಮು ತಗೊಳ್ತಿದೆ."

ಹತ್ತು ಹೆಜ್ಜೆಗೆ ಯಾರೋ ಗಂಗಾಧರರ ಡೊಳ್ಳುಹೊಟ್ಟೆಗೆ ಗಂಟುಬಿದ್ದರು: "ಸಾರ್, ನಿಮ್ಮೊಬ್ರನ್ನ ಇಳಿಸಿದ್ರೆ ಸಾಕಿತ್ತು, ಬಸ್ಸು ಹಾರ್ಕೊಂಡು ಹೋಗ್ತಿತ್ತು." ಎಲ್ಲರಿಗಿಂತ ಜೋರಾಗಿ ನಕ್ಕವರು ಗಂಗಾಧರರೇ. ಉಷಾಳ ಚಪ್ಪಲಿ ಕೆಂಪು ಕೆಸರಲ್ಲಿ ಹೂತಿತು. ಅದನ್ನು ಎಳೆದುಕೊಟ್ಟ ಹರ್ಷಿತಾ ತನ್ನದೇ ಬೀದಿಯವಳೆಂದು ಗೊತ್ತಾದದ್ದೇ ತಡ, ತುದಿಯವರೆಗೂ ಇಬ್ಬರೂ ಬಾಯಿ ಮುಚ್ಚಲಿಲ್ಲ.

ಮೇಲೆ ಯೋಗೀಶ ಬೆವರೊರೆಸಿಕೊಳ್ಳುತ್ತ ಹತ್ತಿರ ಬಂದ. "ಆಂಟಿ, ಇಳಿಯೋವಾಗ ಟೆಂಪರೇಚರ್ ಮೀಟರ್ ನೋಡ್ದೆ. ಮುಳ್ಳು ತಣ್ಣಗೆ ಮಲಗಿತ್ತು."

ರುಕ್ಮಿಣಮ್ಮ ಸೆರಗು ಸರಿಮಾಡಿಕೊಂಡರು.

"ಮುಂದಿನ ವರ್ಷ," ಅಂದ ಅವನು ದನಿ ತಗ್ಗಿಸಿ, "ಇಂಜಿನ್ನು ಇನ್ನೂ ಸ್ವಲ್ಪ ಕೆಳಗೇ ಬಿಸಿಯಾಗ್ಲಿ."