ತಂಗಿಯ ಚಾರ್ಟಿನ ದ್ವೀಪ

ಆರನೇ ಕ್ಲಾಸಿಗೇ ಸ್ಕೂಲು ಬಿಟ್ಟು ಊದುಬತ್ತಿ ಹೊಸೆಯಲು ಕೂತವಳು ನಾನು. ನನ್ನ ಭೂಗೋಳ ಉತ್ತರಹಳ್ಳಿಯಲ್ಲಿ ಶುರುವಾಗಿ ಜಯನಗರದ ನಾಲ್ಕನೇ ಬ್ಲಾಕಿನಲ್ಲಿ ಮುಗಿಯುತ್ತಿತ್ತು. ಎಪ್ಪತ್ತರ ದಶಕದ ಕೊನೆಯಲ್ಲಿ ಪಕ್ಕದ ಮನೆಯವರ ಜೊತೆ ಒಂದೇ ಒಂದು ಸಲ ಸಮುದ್ರ ನೋಡಿ ಬಂದೆ. ಆಮೇಲೆ ತಂಗಿಯ ಮುಂದೆ ನನ್ನನ್ನು ಹಿಡಿಯುವವರೇ ಇರಲಿಲ್ಲ.

ಅಲ್ಲೊಂದು ಪುಟ್ಟ ದ್ವೀಪವಿತ್ತು. ದಡದಿಂದ ನೋಡಿದರೆ ಎಮ್ಮೆ ಮಲಗಿದ ಹಾಗೆ. ಮನೆಯಿಲ್ಲ, ಜನರಿಲ್ಲ; ಕರಿಬಂಡೆ, ಮುಳ್ಳುಪೊದೆ, ನೆತ್ತಿಯಲ್ಲಿ ಗಾಳಿಗೆ ಬಾಗಿದ ಎರಡು ಮರ. ನಾವು ಹೋದಾಗ ನೀರು ಇಳಿದು ಅಲ್ಲಿಗೆ ಮರಳಿನ ದಾರಿ ಎದ್ದಿತ್ತು. ಎಲ್ಲರೂ ನಡೆದುಹೋದರು. ನಾನು ಹೊಸ ಚಪ್ಪಲಿ ನೆನೆಯುತ್ತದೆಂದು ದಡದಲ್ಲೇ ಕೂತು ಕಡಲೆಕಾಯಿ ತಿಂದೆ. ಅವರು ಬಂದ ಕೂಡಲೇ ಬಸ್ಸು ಹತ್ತಿದೆವು. ತಂಗಿಗೆ ಮಾತ್ರ, "ಆ ತುದಿವರೆಗೂ ಹೋಗಿದ್ದೆ ಕಣೇ" ಎಂದೆ.

ಅವಳು ಸ್ಕೂಲಿನ ಚಾರ್ಟಿಗೆ ಅದನ್ನೇ ಬರೆಯಲು ಕೂತಳು.

"ದಾರಿ ಯಾವಾಗ ಮುಳುಗುತ್ತಕ್ಕಾ?"

ನನಗೇನು ಗೊತ್ತು? ನಮ್ಮ ಕೆರೆಯಲ್ಲೂ ಒಂದು ದಿಬ್ಬವಿತ್ತು. ಬೇಸಿಗೆಯಲ್ಲಿ ಕುರಿಗಳು ನಡೆದೇ ಹೋಗಿ ಮೇಯುತ್ತಿದ್ದವು, ಮಳೆ ಬಂದರೆ ಸುತ್ತ ನೀರು.

"ಮಳೆಗಾಲಕ್ಕೆ ಮುಳುಗುತ್ತೆ. ಶಿವರಾತ್ರಿ ಹೊತ್ತಿಗೆ ಮತ್ತೆ ದಾರಿ ಬಿಡುತ್ತೆ" ಎಂದೆ.

ಪಾಪ, ನೆತ್ತಿಯ ಮೇಲೆ ನಾನು ಹೇಳಿದ ಎರಡು ಮರ, ಒಂದು ಕಡೆ ಛತ್ರಿ, ಇನ್ನೊಂದು ಕಡೆ ಸೂರ್ಯ ಬರೆದು ಚಾರ್ಟು ಮುಗಿಸಿದಳು. ಮರುದಿನ ಸಂಜೆ ಮುಖ ಸಣ್ಣಗೆ ಮಾಡಿಕೊಂಡು ಬಂದಳು.

"ಸಮುದ್ರ ದಿನಕ್ಕೆ ಎರಡು ಸಲ ಏರಿ ಇಳಿಯುತ್ತಂತೆ, ಮಿಸ್ ಹೇಳಿದ್ರು. ನಮ್ಮಕ್ಕ ನಡೆದು ನೋಡಿದ್ದಾಳೆ ಅಂದೆ. ನೀನು ಹೋಗಿದ್ದೆ ತಾನೆ?"

"ನಿಮ್ಮ ಮಿಸ್ ಹೋಗಿದ್ದಾರಾ, ಕೇಳು!"

ಕೇಳಿಯೇಬಿಟ್ಟಳು. ಚಾರ್ಟು ಗೋಡೆಯಿಂದ ಇಳಿಯಿತು, ಅವಳು ಬೆಲ್ ಹೊಡೆಯುವವರೆಗೆ ಬಾಗಿಲಾಚೆ ನಿಂತಳು. ಆ ವರ್ಷವೆಲ್ಲ ಕ್ಲಾಸಿನಲ್ಲಿ ಅವಳ ಹೆಸರು 'ಮಳೆಗಾಲ'. ನಾನು ಒಂದು ಮಾತು ಹೇಳಿದ್ದರೆ ಮುಗಿಯುತ್ತಿತ್ತು. ತಲೆ ಬಗ್ಗಿಸಿ ಊದುಬತ್ತಿ ಹೊಸೆದೆ.

ಕೆಲಸ ಸಿಕ್ಕಿದ ಮೇಲೆ, ಎಂಬತ್ತರ ದಶಕದ ನಡುವೆ, ಅವಳೇ ನನ್ನನ್ನು ಅದೇ ದಡಕ್ಕೆ ಕರೆದುಕೊಂಡು ಹೋದಳು. ದಾರಿ ತೆರೆದಿತ್ತು. ನಾನು ಚಪ್ಪಲಿ ಕೈಗೆ ತೆಗೆದುಕೊಂಡೆ.

"ಅವತ್ತು ನಾನು ಹೋಗಿರಲಿಲ್ಲ ಕಣೇ. ಇಲ್ಲೇ ಕೂತಿದ್ದೆ."

"ಗೊತ್ತು. ಪಕ್ಕದ ಮನೆ ಆಂಟಿ ಆ ವಾರಾನೇ ಹೇಳಿದ್ರು."

"ಮತ್ತೆ ಯಾಕೆ ಜಗಳ ಆಡ್ಲಿಲ್ಲ?"

"ನೀನೇ ಹೇಳ್ತೀಯೇನೋ ಅಂತ ಕಾದೆ." ಅವಳು ಮರಳಿಗಿಳಿದು ತಿರುಗಿ ನೋಡಿದಳು. "ಬೇಗ ಬಾರಕ್ಕ, ಮಳೆಗಾಲ ಬಂದ್ಬಿಡುತ್ತೆ!"

ಹತ್ತಿರ ಹೋದರೆ ನೆತ್ತಿಯ ಮೇಲೆ ಮರ ಎರಡಲ್ಲ, ಮೂರು. ಅವಳು ಬೆರಳು ಮಾಡಿ ನಿಧಾನವಾಗಿ ಎಣಿಸಿ, ನನ್ನ ಮುಖ ನೋಡಿದಳು.